ಕಾಗಜಿ ಎಂಬ ಪದ, ಎರಡು ಬಂಡಿ ಸುಣ್ಣ

ಇದ್ದಲಿನ ಬಸ್ಸು ತೆಕ್ಕಲಕೋಟೆ ಮುಟ್ಟುವ ಮೊದಲೇ ಕೆಟ್ಟು ನಿಲ್ಲಬಹುದಿತ್ತು. ಅದರ ಬೆನ್ನಿಗೆ ಕಟ್ಟಿದ ಒಲೆಯಿಂದ ಕಿಡಿ ಹಾರಿ, ಮೇಲಿಟ್ಟ ಕಾಗದದ ಕಟ್ಟು ಹೊತ್ತಿಕೊಳ್ಳಬಹುದಿತ್ತು. ದುರಸ್ತಿಯೆಂದು ಸಿರುಗುಪ್ಪದ ಕಾಲುವೆಯ ನೀರು ನಿಲ್ಲಿಸಿ, ನಾರು ತೊಳೆಯಲು ತಂಬಿಗೆ ನೀರೂ ಸಿಗದಂತಾಗಬಹುದಿತ್ತು. ಗೋಡೆಗೆ ಬಡಿದು ಒಣಗಲು ಬಿಟ್ಟ ಹಾಳೆಗಳನ್ನು ಓಣಿಯ ಆಡುಗಳು ತಿಂದುಹಾಕಬಹುದಿತ್ತು. ಆಡು ಕಾಗದ ತಿನ್ನುತ್ತದೆ. ನನ್ನ ರಜೆಚೀಟಿಯೊಂದನ್ನು ತಿಂದಿದೆ. ಹುಸೇನ್ ಸಾಬ ಎಂಬ ಮುದುಕ ಬಾಯಿ ಬಿಡದೆಯೇ ತೀರಿಹೋಗಬಹುದಿತ್ತು. ಪಟ್ಟಿಯಲ್ಲಿ ಹೆಂಗಸಿನ ಹೆಸರು ಕಂಡ ಶಿರಸ್ತೇದಾರರು ಅದನ್ನು ಮುದುರಿ ನನ್ನ ಮೇಜಿನ ಮೇಲೆ ಎಸೆಯಬಹುದಿತ್ತು. ಹಾಳೆಗೆ ಗೆದ್ದಲು ಹತ್ತಬಹುದಿತ್ತು, ಟಪಾಲು ಚೀಲ ಮಳೆಯಲ್ಲಿ ನೆನೆಯಬಹುದಿತ್ತು, ನನಗೇ ಚಳಿಜ್ವರ ಬಂದು ಇಡೀ ಕೆಲಸ ಬೇರೆ ಯಾರದೋ ಕೈಗೆ ಹೋಗಿ ಅವರು ಅದನ್ನು ಸರಿಯಾಗಿ ಮಾಡಿಬಿಡಬಹುದಿತ್ತು.

ಇಷ್ಟನ್ನೂ ನಾನು ಮುಂಚಿತವಾಗಿಯೇ ಯೋಚಿಸಿಟ್ಟಿದ್ದೆ. ಮಳೆ ಬಂದರೆ ಎಂದು ಕೊಡೆ, ಬಾರದಿದ್ದರೆ ಎಂದು ನೀರಿನ ತಂಬಿಗೆ, ಎರಡನ್ನೂ ಹಿಡಿದು ಹೊರಡುವ ಮನುಷ್ಯ ನಾನು. "ನಿಮಗ ಕೆಟ್ಟದ್ದಾದ್ರ ಸಮಾಧಾನ. ಆಗದಿದ್ರ ಯಾಕ ಆಗಲಿಲ್ಲಂತ ಮತ್ತೊಂದು ಚಿಂತಿ" ಎಂದು ನನ್ನ ಹೆಂಡತಿ ಅನ್ನುತ್ತಾಳೆ. ಮೇಲೆ ಬರೆದವುಗಳಲ್ಲಿ ಒಂದೂ ಆಗಲಿಲ್ಲ.

ಐವತ್ತೈದು ತುಂಬಿತೆಂದು ಹೋದ ವರ್ಷ ನನ್ನನ್ನು ಮನೆಗೆ ಕಳಿಸಿದರು. ಮುದುಕ ಎನ್ನಿಸಿಕೊಳ್ಳಲು ಇನ್ನೂ ಹೊತ್ತಿದೆ, ದುಡಿಯುವವ ಎನ್ನಿಸಿಕೊಳ್ಳುವ ಹೊತ್ತು ಮೀರಿದೆ. ಹೊಸದಾಗಿ ಗುಮಾಸ್ತಿಕೆಗೆ ಸೇರಿದವರು ಒಬ್ಬಿಬ್ಬರು ಸಂಜೆ ಬಂದು ಕೂತು, ನಿಮ್ಮ ಕಾಲದಲ್ಲಿ ಕೆಲಸ ಹೇಗಿತ್ತು ಎಂದು ಕೇಳುತ್ತಾರೆ. ಬಡ್ತಿಯ ಕಥೆ ಹೇಳಲು ನನ್ನಲ್ಲಿಲ್ಲ. ಸೇರಿದ ಕುರ್ಚಿಗೂ ಬಿಟ್ಟ ಕುರ್ಚಿಗೂ ನಡುವೆ ಆರು ಮಾರು ದೂರ, ಅಷ್ಟೆ. ಹಾಗಾಗಿ ಒಂದು ಪದದ ಹಿಂದೆ ಅಲೆದದ್ದನ್ನು ಬರೆಯುತ್ತೇನೆ.

ನಾನು ಬಳ್ಳಾರಿಯ ಒಂದು ಸರ್ಕಾರಿ ಕಚೇರಿಯಲ್ಲಿ ಕಾಗದ, ಶಾಯಿ, ದಾರ, ಅರಗು ಹಂಚುವ ಗುಮಾಸ್ತನಾಗಿದ್ದೆ. ಯುದ್ಧ ಮುಗಿದು ಎರಡು ಮೂರು ವರ್ಷವಾಗಿತ್ತು, ಕಾಗದದ ಬರ ಮಾತ್ರ ಮುಗಿದಿರಲಿಲ್ಲ. ಬಂದ ಲಕೋಟೆಯನ್ನು ಬಿಚ್ಚಿ, ಒಳಗನ್ನು ಹೊರಗೆ ಮಾಡಿ, ಮತ್ತೆ ಅಂಟಿಸಿ ಕಳಿಸುತ್ತಿದ್ದೆವು. ಗುಂಡುಸೂಜಿಯ ಬದಲು ಜಾಲಿಮುಳ್ಳು. ಹಳೆಯ ಲೆಕ್ಕದ ಹಾಳೆಗಳ ಬೆನ್ನಿನ ಮೇಲೆ ಹೊಸ ಆಜ್ಞೆಗಳು. ಒಮ್ಮೆ ಒಬ್ಬರ ಅಮಾನತ್ತಿನ ಆಜ್ಞೆಯ ಹಿಂದೆ ಅವರದೇ ಹಳೆಯ ಪ್ರಶಂಸಾಪತ್ರ ಸಿಕ್ಕಿತ್ತು. ಈಗಿನವರು ಒಂದು ಅಕ್ಷರ ತಪ್ಪಿದರೆ ಇಡೀ ಹಾಳೆ ಮುದುರಿ ಎಸೆಯುವುದನ್ನು ನೋಡಿದರೆ ನನ್ನ ಕೈ ತಾನಾಗಿ ಬುಟ್ಟಿಯ ಕಡೆ ಹೋಗುತ್ತದೆ.

ಅಂಥ ದಿನಗಳಲ್ಲಿ ಮೇಲಿನಿಂದ ಒಂದು ಪತ್ರ ಬಂತು. ಜಿಲ್ಲೆಯಲ್ಲಿ ಕೈಯಿಂದ ಕಾಗದ ಮಾಡುವವರು ಯಾರಾದರೂ ಉಳಿದಿದ್ದರೆ ಪಟ್ಟಿ ಮಾಡಿ ಕಳಿಸಿ, ಅವರಿಗೆ ಬೇಕಾದ ಸಾಮಾನು ಏನೆಂದು ತಿಳಿಸಿ ಎಂದು. ನಮ್ಮ ಶಿರಸ್ತೇದಾರರು ತೆಲುಗು ಮನೆಮಾತಿನವರು, ಮಾತಿನಲ್ಲಿ ಚುರುಕು, ನಗುವಿನಲ್ಲಿ ಜಿಪುಣ. ದಫ್ತರದ ಕೋಣೆಯಿಂದ ಒಂದು ಹಳೆಯ ಊರಪಟ್ಟಿ ತರಿಸಿ ನನ್ನ ಮುಂದೆ ಹಾಕಿದರು. ಅದರಲ್ಲಿ ಮೂರು ಕಡೆ ಒಂದೇ ಪದ: ಬಳ್ಳಾರಿ, ಕಾಗಜಿ. ಕುರುಗೋಡು, ಕಾಗಜಿ. ಸಿರುಗುಪ್ಪ, ಕಾಗಜಿ.

"ಏಮಯ್ಯಾ ಶೇಷಗಿರಿ, ಕಾಗಜಿ ಅಂದ್ರ ಏನು?"

"ಕಾಗದ ಮಾಡುವವರು ಸ್ವಾಮಿ. ಕಾಗಜ್ ಅಂದರೆ ಕಾಗದ."

"ಹಂಗಾರ ಹೋಗಿ ಹಿಡಕೊಂಡು ಬಾ."

ಪದ ಒಂದು ಗೊತ್ತಿದ್ದರೆ ಮನುಷ್ಯ ಸಿಕ್ಕ ಹಾಗೆಯೇ ಎಂದು ನಾನೂ ನಂಬಿದ್ದೆ.

ಬಳ್ಳಾರಿಯಿಂದಲೇ ಶುರುಮಾಡಿದೆ. ಕೌಲ್‌ಬಜಾರಿನಲ್ಲಿ ಎರಡು ಸಂಜೆ ವಿಚಾರಿಸಿದ ಮೇಲೆ ಒಬ್ಬ ಕಾಗಜಿಯ ಮನೆ ತೋರಿಸಿದರು. ಒಳಗೆ ಹೋದರೆ ಬಿದಿರುಕಡ್ಡಿ, ಅಂಟು, ಕೆಂಪು ಹಸಿರು ಕಾಗದದ ಚೂರುಗಳು. ಆತ ಮೊಹರಮ್ಮಿಗೆ ತಾಬೂತು ಕಟ್ಟುವವನು.

"ಕಾಗದ ನಾ ಮಾಡಾಂಗಿಲ್ರಿ, ಕತ್ತರಸ್ತೀನಿ" ಎಂದ. "ನಮ್ಮ ಮುತ್ತಾತ ಮಾಡ್ತಿದ್ನಂತ. ಆಂವ ಸತ್ತ, ಹೆಸರು ಉಳೀತು. ನೀವು ಕಚೇರಿಯಾವರು ಅಂತೀರಿ, ಬಣ್ಣದ ಕಾಗದ ಅದಾವೇನ್ರಿ ನಿಮ್ಮಲ್ಲಿ?"

ಕಾಗದ ಹುಡುಕಿಕೊಂಡು ಹೋದವನು ಕಾಗದ ಕೊಡುತ್ತೇನೆಂದು ಮಾತು ಕೊಟ್ಟು ಬಂದೆ. ಕೊಡಲಿಲ್ಲ, ಎಲ್ಲಿಂದ ಕೊಡಲಿ.

ಕುರುಗೋಡಿಗೆ ಎತ್ತಿನ ಬಂಡಿಯಲ್ಲಿ ಹೋದೆ. ಅಲ್ಲಿನ ಕರಣಂ, ಅಂದರೆ ಊರ ಲೆಕ್ಕದವರು, ಪದ ಕೇಳಿದ ಕೂಡಲೇ ಮುಖ ಅರಳಿಸಿದರು. "ಕಾಗಜಿ ಏನ್ರಿ? ಅದಾನಲ್ರಿ ನಮ್ಮ ವೀರಭದ್ರಪ್ಪ. ಅಂವ ಇಲ್ಲಂದ್ರ ಈ ಜಿಲ್ಲಾದಾಗ ಕಾಗದಕ್ಕ ಬೆಲಿನs ಇಲ್ಲ. ಹೋಗ್ರಿ, ನಾ ಕಳಿಸಿದೆ ಅನಬ್ಯಾಡ್ರಿ."

ವೀರಭದ್ರಪ್ಪನವರು ನನ್ನನ್ನು ಕಂಬಳಿಯ ಮೇಲೆ ಕೂಡಿಸಿ, ಮಜ್ಜಿಗೆ ಕೊಟ್ಟು, ಒಳಗಿನಿಂದ ಒಂದು ತಗಡಿನ ಟ್ರಂಕು ಎಳೆದು ತಂದರು. ಮುಚ್ಚಳ ತೆಗೆದರೆ ಅಂಚಿನವರೆಗೂ ದಾವೆಯ ಕಾಗದಗಳು. ಪಕ್ಕದ ಹೊಲದವನ ಮೇಲೆ ಬದುವಿನ ವ್ಯಾಜ್ಯ, ಅದರ ಮೇಲೆ ಅಪೀಲು, ಅಪೀಲಿನ ಮೇಲೆ ಮತ್ತೊಂದು. ನಾನು ಬಳ್ಳಾರಿಯಿಂದ ತೀರ್ಪು ತಂದಿದ್ದೇನೆಂದು ಅವರು ತಿಳಿದಿದ್ದರು. ಅಲ್ಲವೆಂದು ಹೇಳುವಷ್ಟರಲ್ಲಿ ಮಜ್ಜಿಗೆ ಕುಡಿದಾಗಿತ್ತು. ಕುಡಿದ ಮೇಲೆ ಎದ್ದುಹೋಗುವುದು ಹೇಗೆ. ಹೊತ್ತು ಇಳಿಯುವವರೆಗೆ ಅರ್ಜಿಗಳನ್ನು ಓದಿ ಹೇಳಿದೆ. ಕೊನೆಗೆ ಬಂದ ಕೆಲಸ ಹೇಳಿದಾಗ ಅವರು ಟ್ರಂಕು ಮುಚ್ಚುತ್ತ ಅಂದರು:

"ಊರಾಗ ನನಗ ಕಾಗಜಿ ಅಂತಾರಂತ ನನಗೂ ಗೊತ್ತೈತ್ರಿ. ಎದುರಿಗೆ ಅಂದದ್ದು ನೀವs ಮೊದಲು."

ನಾನು ಮಾಡಿದ ಪೆದ್ದುತನವೆಂದರೆ ವರದಿಯಲ್ಲಿ ಇದನ್ನು ಇದ್ದ ಹಾಗೆ ಬರೆದದ್ದು: 'ಕುರುಗೋಡಿನಲ್ಲಿ ಕಾಗಜಿ ಇದ್ದಾರೆ. ಆದರೆ ಕಾಗದವನ್ನು ಉತ್ಪತ್ತಿ ಮಾಡುವುದಿಲ್ಲ, ಖರ್ಚು ಮಾಡುತ್ತಾರೆ.' ಶಿರಸ್ತೇದಾರರು ಓದಿ, "ಇದನ್ನ ಬರೆಯಾಕೂ ಒಂದು ಹಾಳಿ ಖರ್ಚು ಮಾಡಿದೆಲ್ಲಯ್ಯಾ" ಎಂದು ಅದರ ಬೆನ್ನಿನ ಮೇಲೆ ಇನ್ನೊಂದು ಪತ್ರ ಬರೆಸಿದರು.

ಉಳಿದದ್ದು ಸಿರುಗುಪ್ಪ. ಕಾಲುವೆಯ ಪಕ್ಕದ ಓಣಿಯಲ್ಲಿ ಕಾಗಜಿಯವರ ಮನೆ ಎಂದು ಕೇಳಿದರೆ ಬಟ್ಟೆ ಒಗೆಯುತ್ತಿದ್ದ ಹೆಂಗಸೊಬ್ಬಳು ಕೈ ತೋರಿಸದೆ ಮೂಗು ಮುಚ್ಚಿ ತೋರಿಸಿದಳು. ನೆನೆದ ಗೋಣಿಯ ವಾಸನೆ ಹಿಡಿದು ನಡೆದೆ. ಕಟ್ಟೆಯ ಮೇಲೆ ಮುದುಕರೊಬ್ಬರು ಕೂತಿದ್ದರು. ಅವರೇ ಹುಸೇನ್ ಸಾಬ. ಅಂಗಳದ ನೆಲದಲ್ಲಿ ಹುಗಿದ ಕಲ್ಲಿನ ತೊಟ್ಟಿ, ಅದಕ್ಕೆ ಹೌಜು ಎನ್ನುತ್ತಾರೆ, ಅದರ ಪಕ್ಕದ ಕುಣಿಯಲ್ಲಿ ಸೊಂಟದವರೆಗೆ ಇಳಿದು ನಿಂತಿದ್ದವಳು ಅವರ ಮಗಳು ಖಾಸಿಂಬಿ. ಗಂಡ ತೀರಿದ ಮೇಲೆ ತವರಿಗೆ ಬಂದವಳು, ನಲವತ್ತರ ಹತ್ತಿರದ ವಯಸ್ಸು. ಹುಲ್ಲುಕಡ್ಡಿಯ ಸಣ್ಣ ಚಾಪೆಯೊಂದನ್ನು ಹೌಜಿನ ಬಿಳಿ ನೀರಿನಲ್ಲಿ ಮುಳುಗಿಸಿ, ಒಂದು ಸಲ ಹಿಂದಕ್ಕೆ ಒಂದು ಸಲ ಮುಂದಕ್ಕೆ ಅಲುಗಿಸಿ, ಎತ್ತುತ್ತಿದ್ದಳು. ನೀರು ಸೋರಿ ಚಾಪೆಯ ಮೇಲೆ ಹಾಲಿನ ಕೆನೆಯಂತೆ ಒಂದು ಪದರ ಉಳಿಯುತ್ತಿತ್ತು.

"ಇಲ್ಲಿ ಕಾಗಜಿ ಯಾರು?" ಎಂದೆ.

"ಯಾಕ, ವಾಸ್ನಿ ಬರ್ತೈತಂತ ಯಾರರ ಅರ್ಜಿ ಕೊಟ್ಟಾರೇನು?" ಎಂದರು ಹುಸೇನ್ ಸಾಬ.

ಇಲ್ಲವೆಂದು ಹೇಳಿ ಬಂದ ಕಾರಣ ತಿಳಿಸಿದೆ. ಅವರು ಸ್ವಲ್ಪ ಹೊತ್ತು ನನ್ನ ಕೊಡೆ ನೋಡಿದರು, ತಂಬಿಗೆ ನೋಡಿದರು.

"ಕಾಗಜಿ ಅಂದ್ರ ಏನಂತ ತಿಳಕೊಂಡೀರಿ ನೀವು?"

"ಕಾಗದ ಮಾಡುವವರು."

"ಎಲ್ಲಾರೂ ಹಂಗs ಅಂತಾರ. ಗೋಣಿ ಕತ್ತರಸಾಂವ ಕಾಗಜಿ ಅಲ್ಲ. ಒನಕಿ ತುಳದು ಕುಟ್ಟಾಂವ ಅಲ್ಲ. ಗ್ವಾಡಿಗೆ ಬಡಿಯಾಕಿ ಅಲ್ಲ, ಗಂಜಿ ಹಚ್ಚಾಕಿ ಅಲ್ಲ, ಕಲ್ಲಿಲೆ ತಿಕ್ಕಾಕಿ ಅಲ್ಲ. ಹೌಜಿನ್ಯಾಗ ಚಾಪಿ ಮುಳುಗ್ಸಿ ಎತ್ತತಾನಲ್ಲ, ಆಂವ ಒಬ್ಬಾವs ಕಾಗಜಿ. ನಮ್ಮಜ್ಜನ ಕಾಲಕ್ಕ ಈ ಓಣಿ ತುಂಬ ಇದs ಕೆಲಸ. ಆದ್ರ ಕಾಗಜಿ ಅನಸಿಕೊಂಡಾವರು ನಾಕs ಮಂದಿ."

ಆ ಪದಕ್ಕೆ ಇನ್ನೊಂದು ಬಳಕೆಯೂ ಇದೆಯೆಂದು ಅವರೇ ಹೇಳಿದರು. ಹೌಜಿನಲ್ಲಿ ನಿಂತವರನ್ನು ಮಾತಾಡಿಸಬಾರದು. ಊಟ ಆಯಿತೇ ಎಂದು ಕೇಳಿದರೂ ಕೈ ಒಂದು ಗಳಿಗೆ ತಡೆಯುತ್ತದೆ, ಹಾಳೆ ದಪ್ಪವಾಗುತ್ತದೆ. ಅದಕ್ಕೇ ಆ ಓಣಿಯಲ್ಲಿ ಯಾರಾದರೂ ಕೇಳಿದ್ದಕ್ಕೆ ಉತ್ತರ ಕೊಡದಿದ್ದರೆ, ಏನಪ್ಪಾ ಕಾಗಜಿ ಆಗೀಯಲ್ಲ ಎನ್ನುವುದು ವಾಡಿಕೆ. ಗಂಡ ಹೆಂಡತಿ ಮಾತು ಬಿಟ್ಟರೆ, ಅವರ ಮನ್ಯಾಗ ಇಬ್ಬರೂ ಕಾಗಜಿ ಎನ್ನುತ್ತಾರಂತೆ. ನಾನು ಇದನ್ನು ನನ್ನ ಟಿಪ್ಪಣಿಯಲ್ಲಿ ಬರೆದುಕೊಂಡೆ. ಯಾರೂ ಕೇಳಿರಲಿಲ್ಲ, ಕೇಳದ್ದನ್ನು ಬರೆದುಕೊಳ್ಳುವುದು ನನ್ನ ರೂಢಿ.

"ಈಗ ಆ ನಾಲ್ಕು ಮಂದಿಯಲ್ಲಿ?"

"ನಾ ಒಬ್ಬ ಉಳದೀನಿ. ಅದೂ ಉಳದಂಗಲ್ಲ." ಎರಡೂ ಕೈ ಮುಂದೆ ಚಾಚಿದರು. ಗಾಳಿಗೆ ಎಲೆ ಅಲುಗಿದಂತೆ ಅಲುಗುತ್ತಿದ್ದವು. "ಚಾಪಿ ಬಿಟ್ಟು ಭಾಳ ವರ್ಷ ಆತು."

"ಹಾಗಾದರೆ ಈಗ ಎತ್ತುತ್ತಿರುವುದು..."

ಮುದುಕರು ಮಗಳ ಕಡೆ ನೋಡಿದರು. ಅವಳು ಕತ್ತೆತ್ತಲಿಲ್ಲ. "ಹಂಗ ನೋಡಿದ್ರ ಇಕಿನs ಕಾಗಜಿ" ಎಂದರು, ತಾವೇ ಮೊದಲ ಸಲ ಲೆಕ್ಕ ಹಾಕಿದವರಂತೆ. "ಆದ್ರ ಹೆಂಗಸಿಗೆ ಯಾರೂ ಕಾಗಜಿ ಅಂದದ್ದಿಲ್ಲ. ಅನ್ನಾಕ ಮಾತs ಇಲ್ಲ."

ಖಾಸಿಂಬಿ ಕೈಯಲ್ಲಿದ್ದ ಹಾಳೆಯನ್ನು ಪಕ್ಕದ ರಾಶಿಯ ಮೇಲೆ ಕವುಚಿ, ಚಾಪೆಯನ್ನು ಸುಲಿದಂತೆ ಬಿಡಿಸಿ, ಹೌಜಿನ ಅಂಚಿಗಿಟ್ಟು, ಆಮೇಲೆ ಮಾತಾಡಿದಳು.

"ಏನರ ಅನ್ರಿ ಅಣ್ಣಾರ. ಸುಣ್ಣ ಕೊಡಿಸ್ರಿ."

ಅವಳಿಗೆ ಬೇಕಾದದ್ದು ಅದೊಂದೇ. ಹಿತ್ತಲಲ್ಲಿ ಹರಿದ ಗೋಣಿ, ಪುಂಡಿನಾರಿನ ಹಳೆಯ ಹಗ್ಗ, ಕೂಡಿಸಿಟ್ಟ ರಾಶಿ ಆಳೆತ್ತರ ಇತ್ತು. ಅದನ್ನು ಸುಣ್ಣದ ನೀರಿನಲ್ಲಿ ವಾರಗಟ್ಟಲೆ ನೆನೆಹಾಕಿದರೆ ನಾರು ಮೆತ್ತಗಾಗಿ ಕುಟ್ಟಲು ಬರುತ್ತದೆ. ಸುಣ್ಣ ಸಾಲದಿದ್ದರೆ ಕೊಳೆಯುತ್ತದೆ. ಆಗ ತುಂಗಭದ್ರೆಗೆ ಅಣೆಕಟ್ಟು ಕಟ್ಟುತ್ತಿದ್ದರು. ಸುತ್ತಲಿನ ಭಟ್ಟಿಗಳ ಸುಣ್ಣವೆಲ್ಲ ಗಾರೆಗೆಂದು ಅತ್ತ ಹೋಗುತ್ತಿತ್ತು. ಚೀಟಿ ಇಲ್ಲದವರಿಗೆ ಗೋಡೆ ಬಳಿಯುವಷ್ಟು ಸಿಕ್ಕರೆ ಹೆಚ್ಚು.

"ಎರಡು ಬಂಡಿ ಸಾಕ್ರಿ. ಮಳಿಗಾಲ ದಾಟಿಸ್ತೀನಿ" ಎಂದಳು. "ಕರೂರಿನ ಗದ್ದಿ ನಾಟಿಗೆ ಗುಂಪಿನಾಕಿ ಬಂದು ಕೇಳಿ ಹೋಗ್ಯಾಳ. ನಾಳೆ ಹೇಳಬೇಕು ನಾ. ಹೂಂ ಅಂದ್ರ ಈ ಹೌಜು ಬತ್ತಿಸಿ ಹೋಗಬೇಕು. ಊಂಹೂಂ ಅಂದ್ರ ಈ ಹಂಗಾಮಿನ್ಯಾಗ ಮತ್ತ ಕರಿಯಾಂಗಿಲ್ಲ. ಸುಣ್ಣ ಬರ್ತೈತೇನ್ರಿ?"

ಹುಟ್ಟಿದಾಗಿನಿಂದ ನಾನು ಯಾವುದಕ್ಕೂ ನೇರವಾಗಿ ಹೌದು ಅಂದವನಲ್ಲ. ನೋಡೋಣ, ಆಗಬಹುದು, ದೇವರಿದ್ದಾನೆ, ಇಷ್ಟೇ ನನ್ನ ಬಾಯಲ್ಲಿ ಬರುವುದು. ಆ ದಿನ ಏನಾಯಿತೋ.

"ಬರುತ್ತದೆ" ಎಂದೆ.

ಇನ್ನು ನನ್ನ ಇನ್ನೊಂದು ಪೆದ್ದುತನ. ಮಾದರಿಗೆಂದು ಹತ್ತು ಹಾಳೆ ಬೇಕಾಗಿತ್ತು. ಗಂಜಿ ಹಚ್ಚಿ, ಒಣಗಿಸಿ, ನುಣುಪು ಕಲ್ಲಿನಿಂದ ತಿಕ್ಕಿ ಕೊಡಲು ಎರಡು ದಿನ ಹಿಡಿಯುತ್ತದೆ ಎಂದಳು. ಎರಡು ದಿನದಲ್ಲಿ ಬಸ್ಸು ನಿಂತರೆ, ಮನಸ್ಸು ಬದಲಾದರೆ ಎಂದು ನಾನು ಗೋಡೆಯಿಂದ ಬಿಡಿಸಿದ, ಗಂಜಿ ಹಚ್ಚದ ಹಾಳೆಗಳನ್ನೇ ಸುತ್ತಿಕೊಂಡು ಬಂದೆ. ಶಿರಸ್ತೇದಾರರು ಇಡೀ ಕಚೇರಿಯ ಎದುರು ಒಂದು ಹಾಳೆ ಬಿಡಿಸಿ ಸಹಿ ಹಾಕಿದರು. ಶಾಯಿ ಅವರ ಹೆಸರಿನಿಂದ ಹೊರಟು ನಾಲ್ಕೂ ದಿಕ್ಕಿಗೆ ಹರಡಿ, ಒಂದು ಜೇಡವಾಗಿ ನಿಂತಿತು.

"ಕಾಗದ ತಾ ಅಂದ್ರ ಒತ್ತುಕಾಗದ ತಂದೀಯಲ್ಲಯ್ಯಾ."

ಒಂದು ವಾರ ಕಚೇರಿಯಲ್ಲಿ ಯಾರ ಮೇಜಿನ ಮೇಲೆ ನೀರು ಚೆಲ್ಲಿದರೂ ಶೇಷಗಿರಿಯ ಕಾಗದ ತರ್ರಿ ಅನ್ನುತ್ತಿದ್ದರು. ಮತ್ತೆ ಸಿರುಗುಪ್ಪಕ್ಕೆ ಹೋದೆ. ಖಾಸಿಂಬಿ ಬೈಯಲಿಲ್ಲ. "ಗಂಜಿ ಹಚ್ಚದ ಹಾಳಿ ಕೂಸಿನಂಗ್ರಿ ಅಣ್ಣಾರ. ಕೊಟ್ಟದ್ದೆಲ್ಲ ಕುಡೀತೈತಿ" ಎಂದಳು. ನಾಟಿ ಗುಂಪಿನವಳಿಗೆ ಬರುವುದಿಲ್ಲ ಎಂದು ಹೇಳಿ ಕಳಿಸಿದ್ದಳು. ಮನೆಯಲ್ಲಿದ್ದ ಸುಣ್ಣವನ್ನೆಲ್ಲ ಕೆದರಿ ತೆಗೆದು, ರಾಶಿಯನ್ನು ಪೂರ್ತಿ ನೆನೆಹಾಕಿದ್ದಳು. ನೀರು ತೆಳ್ಳಗಿತ್ತು. "ಇದರ ಮ್ಯಾಲ ಬೀಳಬೇಕ್ರಿ ನಿಮ್ಮ ಸುಣ್ಣ" ಎಂದು ಕೋಲಿನಿಂದ ತಿರುವಿದಳು.

ಈ ಸಲದ ಹಾಳೆ ಬೇರೆಯೇ ಆಗಿತ್ತು. ಬೆರಳು ಆಡಿಸಿದರೆ ಜಾರುತ್ತಿತ್ತು, ಬೆಳಕಿಗೆ ಹಿಡಿದರೆ ಚಾಪೆಯ ಕಡ್ಡಿಗಳ ಗುರುತು ಸಾಲಾಗಿ ಕಾಣುತ್ತಿತ್ತು. ಶಿರಸ್ತೇದಾರರು ಸಹಿ ಹಾಕಿದರು. ನಿಂತಿತು. ಕೆಳಗೆ ಇನ್ನೊಂದು ಹಾಕಿದರು. ಮೂರನೆಯದನ್ನು ಬಾಲ ಎಳೆದು, ಎರಡು ಚುಕ್ಕೆ ಇಟ್ಟು ಹಾಕಿದರು. ಜಿಪುಣ ನಗು ಒಂದು ಗಳಿಗೆ ಬಂದು ಹೋಯಿತು. ಆಮೇಲೆ ನನ್ನ ಕರಡು ಪಟ್ಟಿ ನೋಡಿದರು.

"ಖಾಸಿಂಬಿ. ಹೆಂಗಸು ಕಾಗಜಿ ಹ್ಯಾಂಗಾಗ್ತಾಳಯ್ಯಾ?"

ಇದಕ್ಕೆಂದೇ ಬಸ್ಸಿನಲ್ಲಿ ಉತ್ತರ ಕಟ್ಟಿಕೊಂಡಿದ್ದೆ. ಹುಸೇನ್ ಸಾಬರ ಮಾತನ್ನು ಒಂದೂ ಬಿಡದೆ ಒಪ್ಪಿಸಿದೆ. ಕುಟ್ಟುವವನಲ್ಲ, ಬಡಿಯುವವಳಲ್ಲ, ಎತ್ತುವವರೇ ಕಾಗಜಿ. ಅವರು ಕನ್ನಡಕದ ಮೇಲಿಂದ ಕಚೇರಿಯನ್ನು ಒಮ್ಮೆ ನೋಡಿದರು. ಒಬ್ಬರು ಎಲೆ ಮಡಿಸುತ್ತಿದ್ದರು, ಒಬ್ಬರು ತೂಕಡಿಸುತ್ತಿದ್ದರು.

"ಆ ಲೆಕ್ಕಕ್ಕ ಇಲ್ಲಿ ಗುಮಾಸ್ತ ಅಂದ್ರ ನೀನೊಬ್ಬನs ಆದೆಲ್ಲಯ್ಯಾ. ಸರೆ, ಬರಿ." ಹಾಗೆ ಹೇಳಿ ಹಾಳೆಗಳನ್ನು ನನ್ನ ಕಡೆ ತಳ್ಳಿದರು. "ಇದರ ಮ್ಯಾಲನ ಬರಿ. ಕಾಗದ ಹೆಂಗೈತಿ ಅಂತ ಬ್ಯಾರೆ ಹೇಳೂದು ಬ್ಯಾಡ, ಕಣ್ಣಿಗೆ ಕಾಣಲಿ."

ಟೈಪಿನವರು ಹಾಳೆ ದಪ್ಪ, ಯಂತ್ರದ ಉರುಳೆಗೆ ಹತ್ತುವುದಿಲ್ಲ ಎಂದರು. ಹಾಗಾಗಿ ನಾನೇ ಇಂಗ್ಲಿಷಿನಲ್ಲಿ ಕೈಯಿಂದ ಬರೆದೆ. ಪಟ್ಟಿ ಅಂದರೆ ಒಂದೇ ಸಾಲು. ಇಡೀ ತಿರುಗಾಟಕ್ಕೆ ಸಿಕ್ಕವಳು ಅವಳೊಬ್ಬಳೇ. ಹೆಸರು, ಊರು, ಕಸುಬು, ಬೇಕಾದ ಸಾಮಾನು. ಕಸುಬಿನ ಜಾಗದಲ್ಲಿ ಇಂಗ್ಲಿಷ್ ಮಾತು ಹಾಕಬಹುದಿತ್ತು. ಆದರೆ ಮುದುಕರ ವಿವರಣೆ ಕೇಳಿದ ಮೇಲೆ ಬೇರೆ ಮಾತು ಹಾಕಲು ಮನಸ್ಸಾಗಲಿಲ್ಲ. ಕಾಗಜಿ ಎಂದೇ ಇಂಗ್ಲಿಷ್ ಅಕ್ಷರದಲ್ಲಿ ಬರೆದೆ. ಹೆಂಗಸೊಬ್ಬಳ ಹೆಸರಿನ ಮುಂದೆ ಆ ಪದ ಬಂದದ್ದು ಅದೇ ಮೊದಲೇನೋ. ಸಾಮಾನಿನ ಜಾಗದಲ್ಲಿ ಸುಣ್ಣ, ಎರಡು ಬಂಡಿ. ಅಕ್ಷರ ಅಚ್ಚು ಹಾಕಿದ ಹಾಗೆ ಬಂದವು. ಜೊತೆಗೊಂದು ಪತ್ರ ಮುಳ್ಳಿನಿಂದ ಚುಚ್ಚಿ ಕಳಿಸಿದೆವು.

ಮೂರು ವಾರ ಕಾದೆ. ಮಳೆ ಹಿಡಿಯಿತು. ಗದ್ದೆಗಳಲ್ಲಿ ನಾಟಿ ಶುರುವಾಯಿತು. ಉತ್ತರ ಬಂದ ದಿನ ನಾನು ಲಕೋಟೆಯನ್ನು ಮೊದಲು ಒಳಹೊರಗು ಮಾಡಲು ಬರುತ್ತದೆಯೇ ಎಂದು ನೋಡಿ, ಆಮೇಲೆ ಓದಿದೆ. ಮೂರು ಸಲ ಓದಿ ಶಿರಸ್ತೇದಾರರ ಮುಂದೆ ಇಟ್ಟೆ. 'ಸಿರುಗುಪ್ಪದ ಖಾಸಿಂಬಿ ಎಂಬವರು ಕೇಳಿರುವ ಕಾಗಜಿ ಲೈಮ್ ಎರಡು ಬಂಡಿಯಷ್ಟು ಒದಗಿಸುವುದು ಸಾಧ್ಯವಿಲ್ಲ. ಪ್ರಯೋಗಾರ್ಥವಾಗಿ ಹನ್ನೆರಡು ಸಸಿ ಮಂಜೂರು ಮಾಡಿದೆ. ಸರ್ಕಾರಿ ತೋಟದಿಂದ ಪಡೆದು ತಲುಪಿಸಿ, ರಸೀತಿ ಕಳಿಸುವುದು.'

ಶಿರಸ್ತೇದಾರರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. "ನಿಂಬೆಯಯ್ಯಾ" ಎಂದರು ಮೆಲ್ಲಗೆ. "ಕಾಗದದಂಗ ತೆಳ್ಳನ ಸಿಪ್ಪಿ ಇರೋ ನಿಂಬೆಗೆ ತೋಟದಾವರು ಕಾಗಜಿ ಅಂತಾರ. ಇಂಗ್ಲಿಷಿನಾಗ ಸುಣ್ಣಾನೂ ಲೈಮು, ನಿಂಬೇನೂ ಲೈಮು."

ಆಮೇಲೆ ತಿಳಿಯಿತು. ಮೇಲಿನ ಕಚೇರಿಯಲ್ಲಿ ನಮ್ಮ ಪತ್ರವನ್ನು ಒಂದು ಶಾಖೆ ಇಟ್ಟುಕೊಂಡು, ಸಾಮಾನಿನ ಪಟ್ಟಿಯನ್ನು ಮಾತ್ರ ಬಿಡಿಸಿ ಇನ್ನೊಂದಕ್ಕೆ ಕಳಿಸಿತ್ತು. ಅಲ್ಲಿ ಓದಿದವರು ತಮಗೆ ಕಂಡದ್ದನ್ನು ಓದಿದ್ದರು. ಅವರ ತಪ್ಪೇನೂ ಇಲ್ಲ.

ಸಸಿ ಒಯ್ಯದಿದ್ದರೆ ಆಜ್ಞೆ ಮೀರಿದಂತೆ. ಹನ್ನೆರಡು ಸಸಿಗಳ ಬುಟ್ಟಿಯನ್ನು ತೊಡೆಯ ಮೇಲಿಟ್ಟುಕೊಂಡು ಬಸ್ಸಿನಲ್ಲಿ ಕೂತೆ. ತೆಕ್ಕಲಕೋಟೆಯಲ್ಲಿ ತಂಬಿಗೆಯ ನೀರನ್ನು ಅವಕ್ಕೆ ಹಾಕಿದೆ. ಬಾಡಿದರೆ ಅದಕ್ಕೂ ಜವಾಬು ಹೇಳಬೇಕಲ್ಲ.

ಓಣಿಯ ಬಾಯಲ್ಲೇ ವಾಸನೆ ಬೇರೆಯಾಗಿತ್ತು. ಖಾಸಿಂಬಿ ಬಾಗಿಲಿಗೆ ಬಂದಳು. ನನ್ನ ಹಿಂದೆ ಬಂಡಿ ಇದೆಯೇ ಎಂದು ಮೊದಲು ನೋಡಿದಳು, ಆಮೇಲೆ ಬುಟ್ಟಿ ನೋಡಿದಳು.

"ಇದೇನ್ರಿ ಅಣ್ಣಾರ?"

"ನಿಂಬೆ ಸಸಿ."

"ನಿಂಬಿ ಯಾಕ್ರಿ?"

ಹೇಳಿದೆ. ಇಂಗ್ಲಿಷಿನಲ್ಲಿ ಎರಡಕ್ಕೂ ಒಂದೇ ಮಾತೆಂದು ಹೇಳಿದೆ. ಕಾಗಜಿ ನಿಂಬೆ ಎಂಬುದೊಂದು ಜಾತಿ ಇದೆಯೆಂದೂ ಹೇಳಿದೆ. ಕಟ್ಟೆಯ ಮೇಲೆ ಹುಸೇನ್ ಸಾಬರು ನಗತೊಡಗಿದರು. ನಗು ಕೆಮ್ಮಾಯಿತು. "ಬೇಟಿ, ನಿನ್ನ ಕಾಗಜಿ ಅಂತ ಬರದ್ರಂತ, ಅವರು ಗಿಡ ಅಂತ ತಿಳದ್ರಂತ" ಎಂದು ಕಣ್ಣು ಒರೆಸಿಕೊಂಡರು. ಖಾಸಿಂಬಿ ನಗಲಿಲ್ಲ. ನನ್ನನ್ನು ಹಿತ್ತಲಿಗೆ ಕರೆದೊಯ್ದು, ನೆನೆಹಾಕಿದ ಕುಣಿಯೊಳಗೆ ಕೋಲು ಇಳಿಸಿ ಎತ್ತಿದಳು. ಕೋಲಿಗೆ ಹತ್ತಿ ಬಂದದ್ದು ನಾರಲ್ಲ, ಕಪ್ಪು ಕೆಸರು.

"ಎಂಟು ದಿನದ ಹಿಂದ ಬಂದಿದ್ರೂ ಅರ್ಧ ಉಳಸ್ತಿದ್ನಿ" ಎಂದಳು.

"ನಾಟಿಗೆ ಈಗ ಹೋದರೆ ಆಗದೇ?"

"ಗುಂಪು ತುಂಬೈತ್ರಿ. ಹಚ್ಚೊಳ್ಳಿ ಕಡೆ ಕೇಳಿ ನೋಡ್ತೀನಿ." ಕೋಲನ್ನು ಗೋಡೆಗೆ ಆನಿಸಿ ಕೈ ತೊಳೆದುಕೊಂಡಳು. "ಹೆಬ್ಬೆಟ್ಟು ಎಲ್ಲಿ ಒತ್ತಬೇಕ್ರಿ?"

ರಸೀತಿ ಹಿಡಿದೆ. ಬೇಡ, ಒತ್ತಬೇಡ ಎನ್ನಬೇಕಿತ್ತು. ರಸೀತಿಯಿಲ್ಲದೆ ಹೋದರೆ ಶಿರಸ್ತೇದಾರರು ಏನನ್ನುತ್ತಾರೋ ಎಂಬ ಯೋಚನೆಯಲ್ಲಿದ್ದೆ. ಅವಳ ಹೆಬ್ಬೆರಳನ್ನು ಶಾಯಿಯ ದಿಂಬಿಗೆ ಒತ್ತಿ ಕಾಗದಕ್ಕೆ ಒತ್ತಿದರೆ ಬರೀ ಕಪ್ಪು ಮೂಡಿತು. ಇನ್ನೊಮ್ಮೆ ಒತ್ತಿಸಿದೆ. ವರ್ಷಗಟ್ಟಲೆ ಸುಣ್ಣದ ನೀರಿನಲ್ಲಿ ಆಡಿದ ಬೆರಳು, ಚರ್ಮ ಸವೆದು ನುಣ್ಣಗಾಗಿತ್ತು.

"ಅಷ್ಟs ಬರ್ತೈತ್ರಿ ಅದು" ಎಂದಳು.

ಮರುದಿನವೇ ಮೇಲಕ್ಕೆ ಇನ್ನೊಂದು ಪತ್ರ ಬರೆದೆ, ಸುಣ್ಣ ಎಂಬುದನ್ನು ಮೂರು ಬಗೆಯಲ್ಲಿ ವಿವರಿಸಿ. ಒಂದು ತಿಂಗಳ ಮೇಲೆ ಅದೇ ಪತ್ರ ಹಿಂದಕ್ಕೆ ಬಂತು. ಅಂಚಿನಲ್ಲಿ ಒಂದು ಷರಾ: 'ಈ ವ್ಯಕ್ತಿಗೆ ಲೈಮ್ ಈಗಾಗಲೇ ಒದಗಿಸಿದೆ. ರಸೀತಿ ಕಡತದಲ್ಲಿದೆ.' ಆ ರಸೀತಿಯನ್ನು ಅಲ್ಲಿಗೆ ಕಳಿಸಿದವನು ನಾನೇ. ಶಿರಸ್ತೇದಾರರು ತಾವೇ ಒಮ್ಮೆ ಬರೆದರು; ಉತ್ತರವಿಲ್ಲ. ಅಷ್ಟರಲ್ಲಿ ಗಿರಣಿಯ ಕಾಗದ ರೀಮುಗಟ್ಟಲೆ ಬರತೊಡಗಿತು. ಕೈಕಾಗದದ ಮಾತು ಯಾರ ಬಾಯಲ್ಲೂ ಉಳಿಯಲಿಲ್ಲ.

ಬಳ್ಳಾರಿ ಮದರಾಸಿನಿಂದ ಮೈಸೂರಿಗೆ ಸೇರಿದ ವರ್ಷ ಬೇರೆ ಕೆಲಸಕ್ಕೆ ಸಿರುಗುಪ್ಪಕ್ಕೆ ಹೋಗಿದ್ದೆ. ಧೈರ್ಯ ಮಾಡಿ ಓಣಿಯ ಕಡೆ ತಿರುಗಿದೆ. ಕಾಗಜಿಯವರ ಮನೆ ಎಂದು ಕೇಳಿದರೆ ಅಂಗಡಿಯವನು, "ನಿಂಬಿಹಣ್ಣಿನ ಮನಿ ಏನ್ರಿ? ಈಗ ಕಾಯಿಲ್ಲ, ಮುಗದಾವು" ಎಂದ. ಸಸಿಗಳಲ್ಲಿ ಏಳು ಬದುಕಿ ಮರವಾಗಿದ್ದವು. ಕೊಳೆತ ನಾರಿನ ಗೊಬ್ಬರ ಚೆನ್ನಾಗಿಯೇ ಹತ್ತಿತ್ತು. ಆ ಮನೆಯನ್ನು ಕಾಗಜಿ ಮನೆ ಎನ್ನುವುದು ನಿಂಬೆಯ ದೆಸೆಯಿಂದ ಎಂದೇ ಓಣಿಯ ಹೊಸಬರು ತಿಳಿದಿದ್ದರು. ಪದದ ಅರ್ಥ ಹುಡುಕಿಕೊಂಡು ಹೋದವನು ಅದಕ್ಕೊಂದು ಅರ್ಥ ನೆಟ್ಟು ಬಂದಿದ್ದೆ. ಹುಸೇನ್ ಸಾಬರು ತೀರಿಹೋಗಿದ್ದರು. ಖಾಸಿಂಬಿ ಗದ್ದೆಗೆ ಹೋಗಿದ್ದಳು. ಕಾಯಲಿಲ್ಲ; ಕಾದಿದ್ದರೆ ಏನು ಹೇಳುತ್ತಿದ್ದೆ.

ನಿವೃತ್ತಿಯ ದಿನ ಮೇಜು ಖಾಲಿ ಮಾಡುವಾಗ ಅಡಿಯಲ್ಲಿ ಅವಳ ಹಾಳೆಯೊಂದು ಸಿಕ್ಕಿತು. ಮಾದರಿಯ ಹತ್ತರಲ್ಲಿ ಉಳಿದದ್ದು. ಆ ಪಟ್ಟಿ ಬರೆದ ದಿನ ನೆನಪಾಯಿತು. ಅಕ್ಷರವೆಲ್ಲ ಬರೆದಾದ ಮೇಲೆ, ಕಸುಬಿಗೂ ಸಾಮಾನಿಗೂ ನಡುವೆ ಎಲ್ಲ ಪಟ್ಟಿಗಳಲ್ಲಿ ಎಳೆಯುವ ಹಾಗೆ ಮೇಲಿನಿಂದ ಕೆಳಗೆ ಒಂದು ಗೆರೆ ಎಳೆಯಲು ಲೇಖನಿಗೆ ಶಾಯಿ ತುಂಬಿಕೊಂಡಿದ್ದೆ. ಅಕ್ಷರಕ್ಕೆ ತಡೆದ ಹಾಳೆ ಉದ್ದ ಗೆರೆಗೆ ತಡೆಯದಿದ್ದರೆ, ಶಾಯಿ ಚಾಪೆಯ ಕಡ್ಡಿಗಳ ಗುರುತು ಹಿಡಿದು ಹರಡಿಬಿಟ್ಟರೆ, ಅವಳ ಕಾಗದವೇ ಬೇಡವೆಂದರೆ ಎಂದು ಹೆದರಿ, ಕಾಗಜಿ, ಲೈಮ್ ಎಂಬ ಎರಡು ಮಾತುಗಳ ನಡುವೆ ಬರೀ ಜಾಗ ಬಿಟ್ಟು, ಗೆರೆ ಎಳೆಯದೆ ಕಳಿಸಿದ್ದೆ.

ಎಲ್ಲರೂ ಹೊರಗೆ ಹಾರ ಹಿಡಿದು ಕಾಯುತ್ತಿದ್ದರು. ನಾನು ಕೂತು, ರೂಲುದೊಣ್ಣೆ ಇಟ್ಟು, ಶಾಯಿ ತುಂಬಿದ ಲೇಖನಿಯಿಂದ ಆ ಹಾಳೆಯ ಮೇಲೆ ಮೇಲಿನಿಂದ ಕೆಳಗೆ ಒಂದು ಗೆರೆ ಎಳೆದು ನೋಡಿದೆ. ಹರಡಲಿಲ್ಲ.